ಕುಮೇರಿಯ ಗೆಣಸು, ಬಂಗಲೆಯ ಕೈಮ

ಸಕಲೇಶಪುರದಿಂದ ಸುಬ್ರಹ್ಮಣ್ಯದ ಕಡೆಗೆ ಘಟ್ಟ ಇಳಿಯುವ ರೈಲುದಾರಿಯಲ್ಲಿ ಎಡಕುಮೇರಿ ಎಂಬುದೊಂದು ನಿಲ್ದಾಣವಿದೆ. ಆ ಹೆಸರನ್ನು ಕಿಟಕಿಯಿಂದ ಓದಿದವರು ಬಹಳ ಮಂದಿ, ಅಲ್ಲಿ ಇಳಿದವರು ಕಡಮೆ. 1979ರಲ್ಲಿ ಹಾಸನ–ಮಂಗಳೂರು ಮೀಟರ್‌ಗೇಜ್ ಮಾರ್ಗ ಪೂರ್ತಿಯಾಗಿ ತೆರೆದಾಗ ಈ ಹೆಸರು ಹೊರಗಿನವರಿಗೆ ತಿಳಿಯಿತು. 57 ಸುರಂಗಗಳು, ನೂರಕ್ಕೂ ಮೀರಿದ ಸೇತುವೆಗಳು, ಕೆಳಗೆ ಕೆಂಪುಹೊಳೆ, ಮೇಲೆ ಮಂಜು. 1996ರಲ್ಲಿ ಹಳಿ ಅಗಲಿಸುವ ಕೆಲಸಕ್ಕಾಗಿ ಮಾರ್ಗವನ್ನು ಮುಚ್ಚಿದರು. 2006ರಲ್ಲಿ ಸರಕಿನ ಗಾಡಿಗಳೂ, 2007ರ ಡಿಸೆಂಬರಿನಲ್ಲಿ ಪ್ರಯಾಣಿಕರ ಗಾಡಿಯೂ ಮರಳಿ ಓಡತೊಡಗಿದವು. 2024ರ ಜುಲೈ ಮಳೆಯಲ್ಲಿ ಎಡಕುಮೇರಿಗೂ ಕಡಗರವಳ್ಳಿಗೂ ನಡುವೆ ಗುಡ್ಡ ಕುಸಿದು ಸಂಚಾರ ನಿಂತದ್ದು ಹಲವರ ನೆನಪಿನಲ್ಲಿದ್ದೀತು. ಆದರೆ ಈ ಹೊತ್ತು ನಾನು ಹೇಳಹೊರಟಿರುವುದು ರೈಲಿನ ಕಥೆಯಲ್ಲ. ಆ ಹೆಸರಿನಲ್ಲಿ ಅಡಗಿರುವ ‘ಕುಮೇರಿ’ ಎಂಬ ಮಾತಿನಿಂದ ಹೊರಟು ಒಂದು ಅಡುಗೆಯ ಚರಿತ್ರೆಗೆ ಬರಬೇಕೆಂದಿದ್ದೇನೆ.

ಆ ಅಡುಗೆ ಯಾವುದೆಂದು ಮೊದಲೇ ಹೇಳಿಬಿಡುತ್ತೇನೆ. ಪಾತ್ರೆಯ ಅಡಿಯಲ್ಲಿ ಮಸಾಲೆಯಲ್ಲಿ ಬೆಂದ ಕೈಮ, ಅಂದರೆ ಸಣ್ಣಗೆ ಕೊಚ್ಚಿದ ಮಾಂಸ. ಅದರ ಮೇಲೆ ಬೇಯಿಸಿ ಕಿವುಚಿದ ಸಿಹಿಗೆಣಸಿನ ಒಂದು ಪದರ. ಮೇಲಣ ಮುಖ ಕೆಂಪಗಾಗುವ ತನಕ ಕಾವು. ಪಟ್ಟಣದ ಮಕ್ಕಳು ಇದನ್ನು ಸಿಹಿಗೆಣಸಿನ ಕ್ಯಾಸರೋಲ್ ಎನ್ನುತ್ತಾರೆ. ಕ್ಯಾಸರೋಲ್ ಎಂದರೆ ನಮ್ಮ ಮನೆಗಳಲ್ಲಿ ರೊಟ್ಟಿ ಬಿಸಿಯಾಗಿಡುವ ಮುಚ್ಚಳದ ಡಬ್ಬಿ. ಫ್ರೆಂಚರಿಗೆ ಅದು ಅಡುಗೆಯ ಪಾತ್ರೆಯ ಹೆಸರು. ಪಾತ್ರೆಯ ಹೆಸರು ಅದರೊಳಗಿನ ಪದಾರ್ಥಕ್ಕೂ ಅಂಟಿಕೊಂಡಿದೆ. ಇದು ಆರೋಗ್ಯಕ್ಕೆ ಒಳ್ಳೆಯದೆಂಬ ಮಾತು ಈಗ ಎಲ್ಲ ಕಡೆ ಕೇಳಿಬರುತ್ತಿದೆ. ಆ ಮಾತು ಎಷ್ಟರಮಟ್ಟಿಗೆ ನಿಜ, ಅದು ಯಾರ ಆಹಾರವಾಗಿತ್ತು, ಯಾರ ಮೇಜಿಗೆ ಹೇಗೆ ಬಂತು ಎಂದು ವಿಚಾರಿಸಲು ಭಾಷೆಯ ಮೇಷ್ಟರಾದ ನನಗೂ ಸ್ವಲ್ಪ ಅಧಿಕಾರವಿದೆ ಎಂದುಕೊಂಡಿದ್ದೇನೆ. ಏಕೆಂದರೆ ಈ ಅಡುಗೆಯ ಪದಾರ್ಥಗಳಿಗಿಂತ ಅವುಗಳ ಹೆಸರುಗಳೇ ಹೆಚ್ಚು ತಿರುಗಾಡಿವೆ.

ಕುಮೇರಿ, ಕುಮರಿ ಎಂದೆಲ್ಲ ಉಚ್ಚರಿಸುವ ಶಬ್ದವು ಪಶ್ಚಿಮಘಟ್ಟದ ಹಳೆಯ ಬೇಸಾಯವೊಂದರ ಹೆಸರು. ಬೇಸಗೆಗೆ ಮುನ್ನ ಗುಡ್ಡದ ಓರೆಯಲ್ಲಿ ಕಾಡನ್ನು ಕಡಿದು, ಒಣಗಿದ ಮೇಲೆ ಸುಟ್ಟು, ಮೊದಲ ಮಳೆ ಬಿದ್ದೊಡನೆ ಬೂದಿಯ ಮೇಲೆ ರಾಗಿ, ಗುಡ್ಡದ ಭತ್ತ, ತೊಗರಿ, ಹರಳು ಬಿತ್ತುವುದು. ಒಂದೆರಡು ಬೆಳೆ ತೆಗೆದು ಆ ನೆಲವನ್ನು ಹತ್ತು ಹನ್ನೆರಡು ವರ್ಷ, ಕೆಲವೊಮ್ಮೆ ಅದಕ್ಕೂ ಹೆಚ್ಚು ಕಾಲ, ಕಾಡಿಗೇ ಬಿಟ್ಟು ಮುಂದಕ್ಕೆ ಹೋಗುವುದು. ನೇಗಿಲಿಲ್ಲ, ಎತ್ತಿಲ್ಲ, ಗೊಬ್ಬರವಿಲ್ಲ. ಕೊಡಲಿ, ಕತ್ತಿ ಮತ್ತು ಬೆಂಕಿ, ಇಷ್ಟೇ ಬಂಡವಾಳ. ‘ಎಡ’ ಎಂಬುದಕ್ಕೆ ಎಡಗಡೆ ಎಂದೂ ಹೇಳಬಹುದು, ನಡುವಣ ಸ್ಥಳ ಎಂದೂ ಹೇಳಬಹುದು. ಊರಿನ ಹೆಸರಿನ ಉತ್ತರಾರ್ಧವನ್ನು ಕೇಳಿದೊಡನೆ ನನ್ನ ಕಣ್ಣ ಮುಂದೆ ಬರುವುದು ಈ ಸುಟ್ಟ ಗುಡ್ಡವೇ.

ಸರ್ಕಾರಕ್ಕೆ ಇದು ಹಿಡಿಸಲಿಲ್ಲ. ಮದರಾಸು ಪ್ರಾಂತದ ಅರಣ್ಯಗಳ ಮೊದಲ ಕನ್ಸರ್ವೇಟರ್ ಆಗಿದ್ದ ಹ್ಯೂ ಕ್ಲೆಗ್‌ಹಾರ್ನ್ ಎಂಬ ಸ್ಕಾಟಿಷ್ ವೈದ್ಯ ಕುಮೇರಿಯನ್ನು ಕಟುವಾಗಿ ವಿರೋಧಿಸಿದ. ಘಟ್ಟದ ಕೆಳಗಿನ ಕನ್ನಡ ಜಿಲ್ಲೆಯಲ್ಲಿ 1860ರಲ್ಲಿ ಸರ್ಕಾರಿ ಕಾಡುಗಳಲ್ಲಿ ಅನುಮತಿಯಿಲ್ಲದೆ ಕುಮೇರಿ ಕಡಿಯಕೂಡದೆಂದು ನಿಷೇಧವಾಯಿತು. ಕಾಡು ಉಳಿಯಬೇಕೆಂಬ ಕಾಳಜಿ ಅದರಲ್ಲಿ ಇದ್ದದ್ದು ನಿಜ. ಹಡಗಿಗೆ ತೇಗ ಬೇಕು, ರೈಲಿನ ಹಳಿಯ ಕೆಳಗೆ ಹಾಸಲು ದಿಮ್ಮಿ ಬೇಕು ಎಂಬ ಲೆಕ್ಕವೂ ಅಷ್ಟೇ ನಿಜ. ಇದೇ ಹೊತ್ತಿಗೆ ಘಟ್ಟದ ಮೇಲೆ, ಮೈಸೂರಿನ ಮಂಜರಾಬಾದಿನಲ್ಲಿ, ಇನ್ನೊಂದು ಬಗೆಯ ಕಡಿತ ನಡೆದಿತ್ತು. 1843ರಲ್ಲಿ ಐಗೂರಿನ ಬಳಿ ಗ್ರೀನ್ ಎಂಬಾತ ಕಾಫಿ ತೋಟ ಹಾಕಿದ. ಅವನ ಹಿಂದೆ ಹಲವರು ಬಂದರು. ಮಲೆಯವನು ಒಂದೆಕರೆ ಕಡಿದು ಹತ್ತು ವರ್ಷಕ್ಕೆ ಕಾಡಿಗೆ ಮರಳಿಸಿದರೆ ಅದು ನಾಶ, ದೊರೆ ನೂರಾರು ಎಕರೆ ಬೋಳಿಸಿ ಕಾಫಿ ಇಟ್ಟರೆ ಅದು ಅಭಿವೃದ್ಧಿ. ಈ ತಾರತಮ್ಯವನ್ನು ನಮ್ಮ ಚರಿತ್ರೆಯ ಪುಸ್ತಕಗಳು ಇನ್ನೂ ಸರಿಯಾಗಿ ಬರೆದಿಲ್ಲವೆಂದೇ ನನ್ನ ಅಭಿಪ್ರಾಯ.

ಇಲ್ಲೊಂದು ಎಚ್ಚರಿಕೆಯ ಮಾತು. ಪೆಸಿಫಿಕ್ ಸಾಗರದ ದ್ವೀಪಗಳಲ್ಲಿ, ವಿಶೇಷವಾಗಿ ನ್ಯೂಜಿಲೆಂಡಿನ ಮಾವೊರಿ ಜನರಲ್ಲಿ, ಸಿಹಿಗೆಣಸಿನ ಹೆಸರು ‘ಕೂಮರ’. ದಕ್ಷಿಣ ಅಮೆರಿಕದ ಕೆಚುವಾ ಭಾಷೆಯಲ್ಲಿಯೂ ಅದನ್ನೇ ಹೋಲುವ ಶಬ್ದವಿದೆ. ಅದರ ಆಧಾರದ ಮೇಲೆ ಪಂಡಿತರು ಸಾಗರದ ಆಚೆ ಈಚೆಗೆ ಹಳೆಯ ಸಂಪರ್ಕವಿತ್ತೆಂದು ಚರ್ಚಿಸುತ್ತಾರೆ. ನಮ್ಮಲ್ಲಿ ಕುಮೇರಿಯೂ ಇದೆ, ಕೆಂಪುಹೊಳೆಯ ನೀರು ಹೋಗಿ ಸೇರುವ ಕುಮಾರಧಾರೆಯೂ ಇದೆ! ಉತ್ಸಾಹಿಯೊಬ್ಬ ಈ ಮೂರನ್ನೂ ಒಂದೇ ದಾರದಲ್ಲಿ ಪೋಣಿಸಿ ಲೇಖನ ಬರೆಯದಿರಲಿ. ಕುಮಾರಧಾರೆಗೆ ಕುಕ್ಕೆಯ ಕುಮಾರಸ್ವಾಮಿಯ ಹೆಸರು ಸಾಕು. ಧ್ವನಿ ಹೋಲಿದ ಮಾತ್ರಕ್ಕೆ ನಂಟಸ್ತನ ಕಟ್ಟುವುದು ಭಾಷಾಶಾಸ್ತ್ರವಲ್ಲ.

ಗೆಣಸು ಎಂಬ ಶಬ್ದಕ್ಕೆ ಮಾತ್ರ ನಂಟರಿದ್ದಾರೆ. ತಮಿಳಿನ ‘ಕಿಳಂಗು’, ತುಳುವಿನ ‘ಕೆರೆಂಗ್’ ಇವೆಲ್ಲ ಒಂದೇ ಮನೆಯ ಮಕ್ಕಳು. ದ್ರಾವಿಡರಿಗೆ ನೆಲದೊಳಗೆ ಬೆಳೆಯುವ ಗಡ್ಡೆ ಯಾವುದಾದರೂ ಅದು ಗೆಣಸೇ. ಮಲೆನಾಡಿನಲ್ಲಿ ಹೆಗ್ಗೆಣಸು, ನೂರೆಗೆಣಸು, ಮುಳ್ಳುಗೆಣಸು ಎಂದು ಕರೆಯುವ ಬಳ್ಳಿಗಳು ಇಲ್ಲಿಯವೇ. ಮಲೆಕುಡಿಯರು, ಜೇನುಕುರುಬರು ಇವುಗಳನ್ನು ಬಳ್ಳಿಯ ಎಲೆ ಒಣಗುವ ಕಾಲದಲ್ಲಿ ಗುರುತು ಹಿಡಿದು, ಅಗೆಗೋಲಿನಿಂದ ಆಳಕ್ಕೆ ಅಗೆದು, ಬಳ್ಳಿಯ ತಲೆಯ ಭಾಗವನ್ನು ಮತ್ತೆ ಗುಣಿಯಲ್ಲಿ ಹುಗಿದು ಬರುತ್ತಿದ್ದರು. ಕೆಲವಂತೂ ಕಹಿ, ವಿಷ. ಹೆಚ್ಚಿ ಹರಿಯುವ ನೀರಿನಲ್ಲಿಟ್ಟು, ಮತ್ತೆ ಮತ್ತೆ ಬೇಯಿಸಿ ನೀರು ಚೆಲ್ಲಿದ ಮೇಲೆಯೇ ತಿನ್ನಲು ಯೋಗ್ಯ. ಅದೊಂದು ವಿದ್ಯೆ. ಪುಸ್ತಕದಲ್ಲಿ ಬರೆದಿಟ್ಟ ವಿದ್ಯೆಯಲ್ಲವಾದ್ದರಿಂದ ಅದನ್ನು ನಾವು ವಿದ್ಯೆಯೆಂದು ಎಣಿಸಲಿಲ್ಲ.

ಸಿಹಿಗೆಣಸು ಈ ಮನೆಗೆ ಬಂದ ದತ್ತುಮಗು. ಅದರ ತವರು ಅಮೆರಿಕ ಖಂಡದ ಉಷ್ಣಪ್ರದೇಶ. ಕೊಲಂಬಸನ ಯಾನಗಳ ತರುವಾಯ ಸ್ಪೇನಿಗೆ ಹೋಗಿ, ಪೋರ್ಚುಗೀಸರ ಹಡಗಿನಲ್ಲಿ ನಮ್ಮ ಕರಾವಳಿಗೆ ಬಂತು. ಕೆರಿಬಿಯನ್ ದ್ವೀಪದ ಜನ ಅದನ್ನು ‘ಬತಾತ’ ಎನ್ನುತ್ತಿದ್ದರು. ಮುಂದೆ ಪೆರುವಿನಿಂದ ಬೇರೊಂದು ಗಡ್ಡೆ ಯೂರೋಪಿಗೆ ಬಂದಾಗ ಅದಕ್ಕೂ ಹೆಚ್ಚು ಕಡಮೆ ಅದೇ ಹೆಸರು ಅಂಟಿತು; ಇಂಗ್ಲಿಷಿನ ಪೊಟ್ಯಾಟೊ ಹುಟ್ಟಿದ್ದು ಹೀಗೆ. ನಮ್ಮ ದಕ್ಷಿಣ ಕನ್ನಡದ ಮಿತ್ರರು ಇವತ್ತಿಗೂ ಆಲೂಗೆಡ್ಡೆಯನ್ನು ಬಟಾಟೆ ಎನ್ನುತ್ತಾರೆ. ಅಂದರೆ ಅವರು ಕರೆಯುವುದು ಸಿಹಿಗೆಣಸಿನ ಹೆಸರು, ಬೇಯಿಸುವುದು ಇನ್ನೊಂದನ್ನು! ಈ ಎರಡಕ್ಕೂ ಸಸ್ಯಶಾಸ್ತ್ರದಲ್ಲಿ ದೂರದ ನಂಟೂ ಅಷ್ಟಕ್ಕಷ್ಟೆ. ಆಲೂಗೆಡ್ಡೆ ಬದನೆ, ಟೊಮ್ಯಾಟೊಗಳ ಬಂಧು. ಸಿಹಿಗೆಣಸು ಬೆಳಗಿನ ಹೊತ್ತು ಬೇಲಿಯ ಮೇಲೆ ಅರಳುವ ನೀಲಿ ಹೂವಿನ ಹಂಬುಗಳ ಜಾತಿ. ಹೆಸರಿನ ಈ ಗೊಂದಲ ಎಷ್ಟೆಂದರೆ, 1616ರಲ್ಲಿ ಇಲ್ಲಿಗೆ ಬಂದು ಸರ್ ಥಾಮಸ್ ರೋನ ಪಾದ್ರಿಯಾಗಿದ್ದ ಎಡ್ವರ್ಡ್ ಟೆರಿ, ಅಸಫ್ ಖಾನ್ ಕೊಟ್ಟ ಔತಣದಲ್ಲಿ ಪೊಟ್ಯಾಟೊ ಉಂಡೆವೆಂದು ಬರೆದಿದ್ದಾನೆ. ಅದು ಯಾವ ಗಡ್ಡೆಯೆಂದು ವಿದ್ವಾಂಸರು ಇನ್ನೂ ವಾದಿಸುತ್ತಿದ್ದಾರೆ.

ನಮ್ಮ ಹಳೆಯ ಪಾಕಗ್ರಂಥಗಳಲ್ಲಿ ಸಿಹಿಗೆಣಸನ್ನು ಹುಡುಕಿ ಫಲವಿಲ್ಲ. 1025ರ ಹೊತ್ತಿನ ಚಾವುಂಡರಾಯನ ‘ಲೋಕೋಪಕಾರ’ದಲ್ಲಿ ಅಡುಗೆಯ ಅಧ್ಯಾಯವೇ ಇದೆ. ಹುಣಸೂರಿನ ಬಳಿಯ ಕಲ್ಲಹಳ್ಳಿಯ ಮೂರನೆಯ ಮಂಗರಸ 1508ರ ಆಸುಪಾಸಿನವನು. ಅವನ ‘ಸೂಪಶಾಸ್ತ್ರ’ ಷಟ್ಪದಿಯಲ್ಲಿ ಅಡುಗೆ ಹೇಳಿಕೊಡುವ ಅಪರೂಪದ ಪುಸ್ತಕ. ಗೋವೆ ಪೋರ್ಚುಗೀಸರ ವಶವಾದದ್ದು 1510ರಲ್ಲಿ. ಮಂಗರಸನು ಬದನೆಕಾಯಿಯ ಬಗೆಗಳನ್ನು ಪದ್ಯದಲ್ಲಿ ಹೊಸೆಯುತ್ತಿದ್ದ ಕಾಲಕ್ಕೆ ಮೆಣಸಿನಕಾಯಿ, ಕಡಲೆಕಾಯಿ, ಆಲೂಗೆಡ್ಡೆ, ಸಿಹಿಗೆಣಸು ಇವೆಲ್ಲ ಹೊಸ್ತಿಲಾಚೆ ನಿಂತಿದ್ದವು ಎನ್ನಬಹುದು. ಅವನು ಜೈನ; ಮಾಂಸದ ಸುದ್ದಿ ಅವನಲ್ಲಿಲ್ಲ. ಕೈಮದ ಹಳೆಯ ಗುರುತು ಬೇಕಾದರೆ ಕಲ್ಯಾಣದ ಚಾಲುಕ್ಯರ ಅರಮನೆಗೆ ಹೋಗಬೇಕು. ಮೂರನೆಯ ಸೋಮೇಶ್ವರ ಸಂಸ್ಕೃತದಲ್ಲಿ ರಚಿಸಿದ, 1130ರ ಸುಮಾರಿನ ‘ಮಾನಸೋಲ್ಲಾಸ’ದ ಅನ್ನಭೋಗ ಪ್ರಕರಣದಲ್ಲಿ ಮಾಂಸವನ್ನು ಕೆಂಡದ ಮೇಲೆ ಸುಡುವುದು, ಕೊಚ್ಚುವುದು, ಕೊಚ್ಚಿದ್ದನ್ನು ತಿರುಳು ತೆಗೆದ ಬದನೆಕಾಯಿಯೊಳಗೆ ತುಂಬಿ ಬೇಯಿಸುವುದು ಎಲ್ಲ ಬರುತ್ತದೆ. ತರಕಾರಿಯ ಹೊದಿಕೆಯೊಳಗೆ ಕೊಚ್ಚಿದ ಮಾಂಸ ಎಂಬ ಕಲ್ಪನೆ ಕನ್ನಡನಾಡಿಗೆ ಹೊಸದಲ್ಲ ಎಂಬುದಕ್ಕೆ ಇಷ್ಟು ಸಾಕು.

ಕೈಮ ಎಂಬ ಹೆಸರು ಮಾತ್ರ ದೂರದಿಂದ ಬಂದದ್ದು. ತುರ್ಕಿಯಲ್ಲಿ ಕೊಚ್ಚುವುದಕ್ಕೆ ‘ಕಿಯ್ಮಕ್’ ಎನ್ನುತ್ತಾರೆ. ಪಾರಸಿ, ಉರ್ದುಗಳ ದಾರಿಯಾಗಿ ಅದು ದಖ್ಖನಿಗೆ ಇಳಿದು ನಮ್ಮ ಬಾಯಲ್ಲಿ ಕೈಮವಾಯಿತು. ಸಕಲೇಶಪುರದ ಪಕ್ಕದ ಗುಡ್ಡದ ಮೇಲೆ ಟಿಪ್ಪು 1792ರಲ್ಲಿ ಮುಗಿಸಿದ ನಕ್ಷತ್ರಾಕಾರದ ಮಂಜರಾಬಾದ್ ಕೋಟೆಯಿದೆ. ಅಲ್ಲಿನ ಸಿಪಾಯಿಗಳ ಒಲೆಯಲ್ಲಿ ಏನು ಬೇಯುತ್ತಿತ್ತೆಂದು ಯಾರೂ ಬರೆದಿಡಲಿಲ್ಲ. ಬೆಂಗಳೂರು, ಮೈಸೂರುಗಳ ಮಿಲಿಟರಿ ಹೋಟೆಲುಗಳಲ್ಲಿ ಕೈಮ ಉಂಡೆಯ ಸಾರು ಹೆಸರಾಯಿತು. ಉಂಡೆ ಒಡೆಯದಂತೆ ಹಿಡಿದಿಡಲು ಹುರಿಗಡಲೆ ಹಿಟ್ಟು ಬೆರೆಸುವುದು ನಮ್ಮವರ ಜಾಣತನ. ಈ ಹುರಿಗಡಲೆಯ ವಿಷಯಕ್ಕೆ ಮುಂದೆ ಬರುತ್ತೇನೆ.

ಇನ್ನು ಬಂಗಲೆಯ ಕಡೆಗೆ. ಮಂಜರಾಬಾದಿನ ಪ್ಲಾಂಟರುಗಳಲ್ಲಿ ರಾಬರ್ಟ್ ಎಲಿಯಟ್ ಎಂಬಾತ 1871ರಲ್ಲಿ ತನ್ನ ಅನುಭವಗಳನ್ನು ಪುಸ್ತಕವಾಗಿಯೇ ಬರೆದ. ಇಂಥವರ ಜೊತೆಗೆ ಅವರ ದೇಶದ ಊಟವೂ ಬಂತು. ಕೊಚ್ಚಿದ ಮಾಂಸದ ಮೇಲೆ ಕಿವುಚಿದ ಆಲೂಗೆಡ್ಡೆ ಹರಡಿ ಕಾವಿಗಿಡುವ ‘ಕಾಟೇಜ್ ಪೈ’ ಅವುಗಳಲ್ಲೊಂದು. ಕಾಟೇಜ್ ಎಂದರೆ ಬಡವನ ಗುಡಿಸಲು. 1791ರಲ್ಲಿ ಇಂಗ್ಲೆಂಡಿನ ಹಳ್ಳಿಯ ಪಾದ್ರಿಯೊಬ್ಬರ ದಿನಚರಿಯಲ್ಲಿ ಈ ಹೆಸರು ಕಾಣುತ್ತದೆ. ಭಾನುವಾರ ಉಳಿದ ಮಾಂಸವನ್ನು ಕೊಚ್ಚಿ, ಅಗ್ಗದ ಗಡ್ಡೆಯಿಂದ ಮುಚ್ಚಿ ಹೊಟ್ಟೆ ತುಂಬಿಸುವ ಉಪಾಯ ಅದು. ಅಲ್ಲಿ ಗುಡಿಸಲಿನದಾಗಿದ್ದ ಊಟ ಇಲ್ಲಿ ದೊರೆಯ ಬಂಗಲೆಯದಾಯಿತು. ಸಮುದ್ರ ದಾಟಿದರೆ ಜಾತಿ ಕೆಡುತ್ತದೆ ಎನ್ನುತ್ತಿದ್ದರು. ಇದಕ್ಕೆ ಜಾತಿ ಏರಿತು. ಓವನ್ ಇಲ್ಲದ ಅಡುಗೆಮನೆಯಲ್ಲಿ ಬಟ್ಲರುಗಳು ದಪ್ಪ ತಳದ ಪಾತ್ರೆಯ ಕೆಳಗೂ ಮುಚ್ಚಳದ ಮೇಲೂ ಕೆಂಡ ಇಟ್ಟು ಈ ಕೆಲಸ ಸಾಧಿಸುತ್ತಿದ್ದರು. ನಮ್ಮ ಹೆಂಗಸರಿಗೂ ಆ ಉಪಾಯ ಗೊತ್ತಿತ್ತು.

ಆಲೂಗೆಡ್ಡೆ ಮಾತ್ರ ಈ ಜಿಲ್ಲೆಗೆ ಬಂದದ್ದು ಬಂಗಲೆಯ ತಟ್ಟೆಯಲ್ಲೇ ಉಳಿಯಲಿಲ್ಲ. ಹಾಸನ, ಆಲೂರು, ಬೇಲೂರು, ಅರಕಲಗೂಡು ತಾಲ್ಲೂಕುಗಳ ಮುಂಗಾರಿನ ಹೊಲ ಅದರದಾಯಿತು. ಜಲಂಧರಿನಿಂದ ಬಿತ್ತನೆ ಗಡ್ಡೆ ತರಿಸಿ ನೆಡುವುದು ರೂಢಿಯಾಯಿತು. ಆಮೇಲೆ ಅಂಗಮಾರಿ ರೋಗ ಬಂದು ಎಷ್ಟೋ ರೈತರನ್ನು ಸಾಲಕ್ಕೆ ದೂಡಿತು. 1845ರಿಂದ ಐರ್ಲೆಂಡಿನಲ್ಲಿ ಲಕ್ಷಾಂತರ ಜನರನ್ನು ಹಸಿವಿನಿಂದ ಕೊಂದದ್ದೂ ಅದೇ ರೋಗ. ಸಿಹಿಗೆಣಸಿಗೆ ಅದು ತಟ್ಟುವುದಿಲ್ಲ. ಮೂರೂವರೆ ನಾಲ್ಕು ತಿಂಗಳಲ್ಲಿ ಬೆಳೆ ಬರುತ್ತದೆ, ಬಿತ್ತನೆಗೆ ದುಡ್ಡು ಬೇಡ, ನೆರೆಯವನ ಹೊಲದ ಬಳ್ಳಿಯ ತುಂಡು ಸಾಕು, ಸೊಪ್ಪು ದನಕ್ಕೆ. ಆದರೂ ಕರ್ನಾಟಕದಲ್ಲಿ ಅದನ್ನು ಮನಸ್ಸಿಟ್ಟು ಬೆಳೆದವರು ಮುಖ್ಯವಾಗಿ ಬೆಳಗಾವಿಯ ಕೆಂಪು ನೆಲದವರು. ಹಾಸನದ ಮಲೆಯಲ್ಲಿ ಅದು ಹಿತ್ತಲಿನ ಬೆಳೆಯಾಗಿಯೇ ಉಳಿಯಿತು. ಕಾಡುಹಂದಿ ಬಿಟ್ಟರೆ ಮನುಷ್ಯರಿಗೆ.

ಹೀಗೇಕೆ ಎಂದು ಯೋಚಿಸಿದರೆ ಕಾರಣ ಮಣ್ಣಿನಲ್ಲಿಲ್ಲ, ಮನಸ್ಸಿನಲ್ಲಿದೆ. ಸಂಕ್ರಾಂತಿಯ ದಿನ ಅವರೆಕಾಯಿ, ಕಡಲೆಕಾಯಿ, ಗೆಣಸು ಬೇಯಿಸಿ ಹಂಚುತ್ತೇವೆ. ಶಿವರಾತ್ರಿಯ ಉಪವಾಸಕ್ಕೆ ಗೆಣಸು ಉಂಟು. ಅಮೆರಿಕದ ಗಡ್ಡೆ ನಾಲ್ಕೈದು ಶತಮಾನಗಳೊಳಗೆ ಶಿವನ ವ್ರತಕ್ಕೆ ಮಡಿಯಾಯಿತು. ಆದರೆ ವರ್ಷದ ಉಳಿದ ದಿನ? ‘ಗೆಣಸು ತಿಂದು ಬದುಕಿದವರು’ ಎಂಬುದು ನಾನು ಬೆಳೆದ ಕಾಲದಲ್ಲಿ ಬೈಗುಳ. ಅದರ ಹಿಂದೆ ಬರಗಾಲದ ನೆನಪಿದೆ. ಧಾತು–ಈಶ್ವರ ಸಂವತ್ಸರಗಳ ಕ್ಷಾಮ, ಎಂದರೆ 1876ರಿಂದ 1878ರ ವರೆಗಿನದು, ಮೈಸೂರು ಸಂಸ್ಥಾನವನ್ನು ಬರಿದು ಮಾಡಿತು. 1871ರ ಜನಗಣತಿಯಲ್ಲಿ 50 ಲಕ್ಷ ಮೀರಿದ್ದ ಜನಸಂಖ್ಯೆ 1881ರಲ್ಲಿ 42 ಲಕ್ಷಕ್ಕೂ ಕೆಳಗಿಳಿಯಿತು. ಅಂಥ ಕಾಲದಲ್ಲಿ ಗಡ್ಡೆ ಗೆಣಸು ಅಗೆದು ಜೀವ ಉಳಿಸಿಕೊಂಡವರು ಅನ್ನ ಕಂಡ ಮೇಲೆ ಅದನ್ನು ಮರೆಯಬೇಕೆಂದು ಬಯಸಿದರೆ ಅವರನ್ನು ತಪ್ಪೆನ್ನಲಾಗದು. ಚೀನಾದಲ್ಲಿ ಇದಕ್ಕೆ ವ್ಯತಿರಿಕ್ತ. 1593ರಲ್ಲಿ ಲುಜಾನ್ ದ್ವೀಪದಿಂದ ಸಿಹಿಗೆಣಸಿನ ಬಳ್ಳಿಯನ್ನು ಫೂಜಿಯನ್ ಪ್ರಾಂತಕ್ಕೆ ಗುಟ್ಟಾಗಿ ತಂದ ವರ್ತಕನನ್ನು ಅಲ್ಲಿ ಉಪಕಾರಿಯೆಂದು ಸ್ಮರಿಸುತ್ತಾರೆ. ನಮ್ಮಲ್ಲಿ ಈ ಬಳ್ಳಿಯನ್ನು ತಂದವನ ಹೆಸರೂ ಇಲ್ಲ, ನೆಟ್ಟವರ ಹೆಸರೂ ಇಲ್ಲ.

ಈಗ ಮನೆಯ ಮಾತಿಗೆ ಬರುತ್ತೇನೆ. ಸಕಲೇಶಪುರದ ಆಚೆ ತೋಟದಲ್ಲಿರುವ ನನ್ನ ಅಕ್ಕನಿಗೆ ಎಪ್ಪತ್ತು ದಾಟಿದೆ, ಬಹಳ ವರ್ಷಗಳಿಂದ ಸಕ್ಕರೆ ಕಾಯಿಲೆ. ಅವಳ ಮಗಳು ಅಮೆರಿಕದಲ್ಲಿದ್ದಾಳೆ. ಅಲ್ಲಿ ನವೆಂಬರಿನ ನಾಲ್ಕನೆಯ ಗುರುವಾರ ಸುಗ್ಗಿಯ ಹಬ್ಬದಂಥ ಥ್ಯಾಂಕ್ಸ್‌ಗಿವಿಂಗ್. ಆ ದಿನದ ಊಟಕ್ಕೆ ಸಿಹಿಗೆಣಸಿನ ಕ್ಯಾಸರೋಲ್ ಬೇಕೇ ಬೇಕು. ಆದರೆ ಅದು ಬೇರೆ: ಗೆಣಸಿಗೆ ಕಂದು ಸಕ್ಕರೆ, ಬೆಣ್ಣೆ, ಮೇಲೆ ಮಾರ್ಷ್‌ಮ್ಯಾಲೋ ಎಂಬ ಸಕ್ಕರೆಯ ಹತ್ತಿ. ಮೊದಲೇ ಸಿಹಿಯಾದ ಗಡ್ಡೆಗೆ ಸಕ್ಕರೆಯ ಮುಸುಕು ಹೊದಿಸುವ ಈ ಬುದ್ಧಿ ಹರಡಿದ್ದು 1917ರಲ್ಲಿ ಒಂದು ಮಾರ್ಷ್‌ಮ್ಯಾಲೋ ಕಂಪನಿ ತನ್ನ ಸರಕಿನ ಪ್ರಚಾರಕ್ಕೆಂದು ಬರೆಯಿಸಿದ ಪಾಕಪುಸ್ತಿಕೆಯಿಂದ. ವ್ಯಾಪಾರಿಯ ಜಾಹೀರಾತು ಎರಡು ತಲೆಮಾರಿನೊಳಗೆ ಅಜ್ಜಿಯ ಅಡುಗೆಯಾಗಿಬಿಡುತ್ತದೆ! ಅಕ್ಕನ ಮಗಳು ಆ ಸಕ್ಕರೆಯನ್ನು ತೆಗೆದುಹಾಕಿ, ಕಾಟೇಜ್ ಪೈಯಿಂದ ಕೈಮ ತಂದು ಸೇರಿಸಿ, ತಾಯಿಗಾಗಿ ಆರೋಗ್ಯದ ಅಡುಗೆ ಎಂದು ಮಾಡಿದಳು. ಅಕ್ಕ ಮುಟ್ಟಲಿಲ್ಲ. ‘ಹೆಸರಲ್ಲೇ ಸಿಹಿ ಅಂತ ಇದ್ಯಲ್ಲ ಮಾರಾಯ, ನಂಗ್ಯಾಕೆ ಅದು?’ ಎಂದು ನನಗೆ ಹೇಳಿ, ಅನ್ನದ ಜೊತೆ ಆಲೂಗೆಡ್ಡೆ ಪಲ್ಯ ಹಾಕಿಸಿಕೊಂಡಳು.

ನನಗೆ ನಗು ಬರಲಿಲ್ಲ. ಒಂದು ವಿಶೇಷಣ ಹೆದರಿಸಿ ಅವಳ ತಟ್ಟೆಯಲ್ಲಿ ಇನ್ನೂ ಕೆಟ್ಟದ್ದನ್ನು ಬಡಿಸಿತ್ತು. ಆದರೆ ಅವಳ ಭಯ ಪೂರ್ತಿ ಸುಳ್ಳೂ ಅಲ್ಲ. ಆಹಾರವು ರಕ್ತದ ಸಕ್ಕರೆಯನ್ನು ಎಷ್ಟು ಬೇಗ ಏರಿಸುತ್ತದೆಂದು ಅಳೆಯಲು ಗ್ಲೂಕೋಸನ್ನು 100 ಎಂದಿಟ್ಟುಕೊಂಡ ಒಂದು ಸೂಚ್ಯಂಕವಿದೆ. ಜಮೈಕಾದಲ್ಲಿ ಹತ್ತು ಸಿಹಿಗೆಣಸಿನ ತಳಿಗಳನ್ನು ಪರೀಕ್ಷಿಸಿ 2011ರಲ್ಲಿ ಪ್ರಕಟಿಸಿದ ಫಲಿತಾಂಶದಲ್ಲಿ ನೀರಿನಲ್ಲಿ ಬೇಯಿಸಿದ ಗೆಣಸಿನ ಅಂಕಿ 41ರಿಂದ 50. ಅದನ್ನೇ ಸುಟ್ಟರೆ ಅಥವಾ ಓವನ್ನಿನಲ್ಲಿಟ್ಟು ಬೇಯಿಸಿದರೆ ಹೆಚ್ಚು ಕಡಮೆ 80ರಿಂದ 94. ಬೇಯಿಸಿದ ಆಲೂಗೆಡ್ಡೆ ಸಾಮಾನ್ಯವಾಗಿ 70ರ ಮೇಲಿರುತ್ತದೆ. ಒಂದೇ ಗಡ್ಡೆ ನೀರಿನಲ್ಲಿ ಸಾಧು, ಕೆಂಡದಲ್ಲಿ ತುಂಟ. ಇದಕ್ಕೆ ಒಂದು ಕಾರಣ ಗೆಣಸಿನೊಳಗೇ ಇರುವ ಒಂದು ಕಿಣ್ವ. ಕಾವು ಮೆಲ್ಲಗೆ ಏರಿದಂತೆಲ್ಲ ಅದು ಪಿಷ್ಟವನ್ನು ಒಡೆದು ಮಾಲ್ಟೋಸ್ ಎಂಬ ಸಕ್ಕರೆ ಮಾಡುತ್ತದೆ. ಬೂದಿಯಲ್ಲಿ ಹುದುಗಿಸಿ ಸುಟ್ಟ ಗೆಣಸು ಅಷ್ಟು ರುಚಿಯಾಗುವುದು ಇದರಿಂದಲೇ. ಕುದಿಯುವ ನೀರಿಗೆ ತುಂಡುಗಳನ್ನು ಹಾಕಿದರೆ ಬಿಸಿ ಬೇಗ ಏರಿ, ಕಿಣ್ವಕ್ಕೆ ಕೆಲಸ ಮಾಡಲು ಸಮಯ ಸಿಕ್ಕುವುದಿಲ್ಲ. ಆರೋಗ್ಯ ಗಡ್ಡೆಯ ಹೆಸರಿನಲ್ಲಿಲ್ಲ, ಬೇಯಿಸುವ ಕ್ರಮದಲ್ಲಿದೆ. ಸಂಕ್ರಾಂತಿಯ ದಿನ ನಮ್ಮ ತಾಯಂದಿರು ಪಾತ್ರೆಯಲ್ಲಿ ಬೇಯಿಸಿಟ್ಟದ್ದೇ ಸರಿಯಾದದ್ದು.

ಬಣ್ಣದ ವಿಷಯವನ್ನೂ ಹೇಳಬೇಕು. ಗೆಣಸು ತಿಂದರೆ ಕಣ್ಣಿಗೆ ಒಳ್ಳೆಯದು ಎಂದು ಎಲ್ಲರೂ ಹೇಳುತ್ತಾರೆ. ಅದು ಕಿತ್ತಳೆ ಬಣ್ಣದ ತಿರುಳಿನ ಗೆಣಸಿಗೆ ಸಲ್ಲುವ ಮಾತು. ನಮ್ಮ ಸಂತೆಗೆ ಬರುವ ಬಿಳಿ ತಿರುಳಿನದರಲ್ಲಿ ಎ ಜೀವಸತ್ವದ ಮೂಲವಾದ ಕ್ಯಾರೊಟೀನ್ ಅತ್ಯಲ್ಪ. ಆಫ್ರಿಕದ ಮೊಜಾಂಬಿಕ್, ಉಗಾಂಡಗಳಲ್ಲಿ ಕಿತ್ತಳೆ ತಿರುಳಿನ ತಳಿಗಳನ್ನು ಹರಡಿ ಮಕ್ಕಳ ದೃಷ್ಟಿ ಉಳಿಸಿದ ಕೆಲಸಕ್ಕೆ 2016ರ ವಿಶ್ವ ಆಹಾರ ಪ್ರಶಸ್ತಿ ಬಂತು. 1963ರಲ್ಲಿ ತಿರುವನಂತಪುರದಲ್ಲಿ ಸ್ಥಾಪನೆಯಾದ ಗಡ್ಡೆ ಬೆಳೆಗಳ ಕೇಂದ್ರೀಯ ಸಂಶೋಧನಾ ಸಂಸ್ಥೆ ‘ಭೂ ಸೋನಾ’ ಎಂಬ ಕಿತ್ತಳೆ ತಳಿಯನ್ನೂ, ‘ಭೂ ಕೃಷ್ಣ’ ಎಂಬ ನೇರಳೆ ತಳಿಯನ್ನೂ ಕೊಟ್ಟಿದೆ. ಕ್ಯಾರೊಟೀನ್ ಮೈಗೆ ಹತ್ತಬೇಕಾದರೆ ಜೊತೆಗೆ ಸ್ವಲ್ಪ ಕೊಬ್ಬು ಬೇಕು. ಕೈಮದ ಜೊತೆ ಗೆಣಸು ಎಂಬ ಜೋಡಿ ಅಲ್ಲಿ ಸಾರ್ಥಕ. ಮಾಂಸದ ಕಬ್ಬಿಣ, ಸತುವುಗಳು ಗೆಣಸಿನಲ್ಲಿ ಕಡಮೆ, ಗೆಣಸಿನ ನಾರು ಮಾಂಸದಲ್ಲಿ ಇಲ್ಲವೇ ಇಲ್ಲ.

ಅಕ್ಕನ ಮನೆಯಲ್ಲಿ ಎರಡನೆಯ ಸಲ ಮಾಡಿದಾಗ ಕ್ರಮ ಬದಲಾಯಿತು. ನಾಲ್ಕು ಜನಕ್ಕೆ ಅರ್ಧ ಕಿಲೋ ಗೆಣಸು. ಚೆನ್ನಾಗಿ ತೊಳೆದು, ಸಿಪ್ಪೆಯೊಡನೆಯೇ ದಪ್ಪ ಬಿಲ್ಲೆಗಳಾಗಿ ಹೆಚ್ಚಿ, ಕುದಿಯುವ ನೀರಿಗೆ ಹಾಕಿ ಬೇಯಿಸಬೇಕು. ಬೆಂದ ಮೇಲೆ ಸಿಪ್ಪೆ ಬೇಕಾದವರು ಉಳಿಸಿಕೊಳ್ಳಲಿ. ನುಣ್ಣಗೆ ಅರೆಯಬಾರದು, ಕೈಯಿಂದ ತರಿತರಿಯಾಗಿ ಕಿವುಚಿ, ಉಪ್ಪು, ಕುಟ್ಟಿದ ಕಾಳುಮೆಣಸು ಹಾಕಿದರೆ ಸಾಕು, ಬೆಣ್ಣೆ ಬೇಡ, ಹಾಲು ಬೇಡ. ಕಾಲು ಕಿಲೋ ಕುರಿಯ ಕೈಮ, ಕೊಬ್ಬಿಲ್ಲದ ಭಾಗದ್ದು. ಅದನ್ನು ಸ್ವಲ್ಪ ನೀರಿನಲ್ಲಿ ಮೊದಲು ಕುದಿಸಿ, ಆರಿದ ಮೇಲೆ ಮೇಲೆ ತೇಲಿದ ಕೊಬ್ಬನ್ನು ಸೌಟಿನಿಂದ ತೆಗೆದುಬಿಡಬೇಕು. ಎರಡು ಚಮಚ ಎಣ್ಣೆಯಲ್ಲಿ ಈರುಳ್ಳಿ, ಶುಂಠಿ, ಬೆಳ್ಳುಳ್ಳಿ, ಹಸಿಮೆಣಸು ಬಾಡಿಸಿ, ಸಣ್ಣಗೆ ಹೆಚ್ಚಿದ ಹುರುಳಿಕಾಯಿ ಮತ್ತು ಗಜ್ಜರಿ ಕೈಮದಷ್ಟೇ ಪ್ರಮಾಣದಲ್ಲಿ ಸೇರಿಸಿ, ಕೊತ್ತಂಬರಿ ಪುಡಿ, ಒಂದೆರಡು ಲವಂಗ, ಮೆಣಸು ಹಾಕಿ ಬೇಯಿಸುವುದು. ಬಂಗಲೆಯ ಬಟ್ಲರು ಗಟ್ಟಿಯಾಗಲೆಂದು ಮೈದಾ ಹಾಕುತ್ತಿದ್ದ. ಅದರ ಬದಲಿಗೆ ಮಿಲಿಟರಿ ಹೋಟೆಲಿನ ಹುರಿಗಡಲೆ ಹಿಟ್ಟು ಎರಡು ಚಮಚ. ಕೊಡಗಿನ ಕಡೆಯ ಕಾಚಂಪುಳಿ ಸಿಕ್ಕಿದರೆ ಕೊನೆಗೆ ಅರ್ಧ ಚಮಚ, ಇಲ್ಲದಿದ್ದರೆ ನಿಂಬೆರಸ. ಆ ಹುಳಿ ಬಿದ್ದರೆ ಉಪ್ಪು ಕಡಮೆ ಸಾಕಾಗುತ್ತದೆ.

ಕೈಮವನ್ನು ತಳದಲ್ಲಿ ಹರಡಿ, ಮೇಲೆ ಗೆಣಸು ಹಾಸಿ, ಓವನ್ ಇದ್ದರೆ 180 ಡಿಗ್ರಿಯಲ್ಲಿ ಇಪ್ಪತ್ತು ಇಪ್ಪತ್ತೈದು ನಿಮಿಷ. ಗೆಣಸು ಆಗಲೇ ಪೂರ್ತಿ ಬೆಂದು ಕಿಣ್ವ ಸತ್ತಿರುವುದರಿಂದ ಈ ಕಾವಿನಲ್ಲಿ ಅದು ಮತ್ತೆ ಸಿಹಿಯಾಗುವುದಿಲ್ಲ. ಅಕ್ಕನ ಮನೆಯಲ್ಲಿ ಓವನ್ ಇಲ್ಲ. ದಪ್ಪ ತಳದ ಪಾತ್ರೆಯ ಮೇಲೆ ತಟ್ಟೆ ಮುಚ್ಚಿ, ಕಾಫಿ ಗಿಡದ ಸೌದೆಯ ಕೆಂಡವನ್ನು ಕೆಳಗೆ ಕಡಮೆ, ಮೇಲೆ ಹೆಚ್ಚು ಇಟ್ಟರು. ಮಾಂಸ ತಿನ್ನದವರು ಕೈಮದ ಜಾಗದಲ್ಲಿ ಬೇಯಿಸಿದ ಹೆಸರುಕಾಳು ಅಥವಾ ಹಿತಕಿದ ಅವರೆಬೇಳೆ ಇಟ್ಟುಕೊಳ್ಳಬಹುದು, ಬೆರೆಸುವ ಮಸಾಲೆ ಅದೇ.

ಅಕ್ಕನಿಗೆ ಬಡಿಸಿದ್ದು ಒಂದು ಸಣ್ಣ ಬಟ್ಟಲು, ಅನ್ನದ ಬದಲಿಗೆ, ಅನ್ನದ ಜೊತೆಗಲ್ಲ. ಅವಳು ವೈದ್ಯರನ್ನು ಕೇಳಿಯೇ ತಿಂದದ್ದು, ಎರಡು ಗಂಟೆ ಬಿಟ್ಟು ಬೆರಳು ಚುಚ್ಚಿ ನೋಡಿಕೊಂಡದ್ದೂ ಆಯಿತು. ‘ಇದಕ್ಕೆ ಸಿಹಿ ಅನ್ನೋ ಹೆಸರು ಇಟ್ಟೋನು ಯಾರು?’ ಎಂದು ಕೇಳಿದಳು. ಮಲೆಯವರು ಬರಿದೇ ಗೆಣಸು ಎನ್ನುತ್ತಿದ್ದರು ಎಂದೆ. ಉಳಿದದ್ದನ್ನು ಮರುದಿನ ಬೆಳಿಗ್ಗೆ ಅವಳೇ ಒಂದು ಹಿಡಿ ಅಕ್ಕಿಹಿಟ್ಟು ಸೇರಿಸಿ, ಬಾಳೆಲೆಯ ಮೇಲೆ ತಟ್ಟಿ, ಕಾವಲಿಯ ಮೇಲೆ ಎಣ್ಣೆ ಸವರಿ ಬೇಯಿಸಿದಳು.